ಮಾಲಿ ಪಾಟೀಲ, ಪೊಲೀಸ್ ಪಾಟೀಲ, ಬರೀ ಪಾಟೀಲ: ಒಂದೇ ಮನೆತನಕ್ಕೆ ಮೂರು ಅಡ್ಡಹೆಸರು ಯಾಕೆ?

ಕುಷ್ಟಗಿ ಓದುಗ ಕೇಳಿದ್ದು:

ಎಲ್ಲರಿಗೂ ಶರಣು. ಕೊಪ್ಪಳ ಜಿಲ್ಲೆ ಕುಷ್ಟಗಿ ತಾಲೂಕಿನ ಒಂದು ಮನೆತನದ ಕಾಗದಪತ್ರ ಮುಂದೆ ಹರವಿಕೊಂಡು ಕೇಳ್ತಿದ್ದೀನಿ. ಮುತ್ತಜ್ಜನ ಕಾಲದ ಉರ್ದು ಕಾಗದದ ತರ್ಜುಮೆಯಲ್ಲಿ ‘ಮಾಲಿ ಪಾಟೀಲ’ ಅಂತಿದೆ. ಅಜ್ಜನ ಪಹಣಿಯಲ್ಲಿ ಬರೀ ಹೆಸರು, ‘ತಂದೆ’ ಅಂತ ಬರೆದು ತಂದೆಯ ಹೆಸರು, ಅಷ್ಟೇ. ಅಡ್ಡಹೆಸರೇ ಇಲ್ಲ. ಅದರ ಮುಂದಿನ ತಲೆಮಾರಿನ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ‘ಪಾಟೀಲ’. ಅಣ್ಣತಮ್ಮರ ಇನ್ನೊಂದು ಕವಲು ‘ಪೊಲೀಸ್ ಪಾಟೀಲ’ ಅಂತ ಬರಕೊಳ್ಳುತ್ತೆ. ಇವರೆಲ್ಲ ಒಂದೇ ದೇವರ ಒಕ್ಕಲು, ಸೂತಕನೂ ಒಂದೇ.

ಮಾಲಿ ಅಂದರೆ ತೋಟದ ಮಾಲಿ, ಆ ಮನೆತನ ಮೊದಲು ಹೂವಿನ ತೋಟ ಮಾಡ್ತಿತ್ತು ಅಂತ ಕೆಲವರು ಹೇಳ್ತಾರೆ. ಇದು ಖರೇನಾ? ಆ ಮನೆತನದಲ್ಲಿ ಈಗ ಹುಟ್ಟಿದ ಕೂಸಿನ ತಾಯಿಯ ತವರು ಬಳ್ಳಾರಿ ಜಿಲ್ಲೆಯ ಸಿರುಗುಪ್ಪ ಕಡೆ. ಅಲ್ಲಿ ಅಡ್ಡಹೆಸರೇ ಕಾಣಲ್ಲ, ಹೆಸರಿನ ಮುಂದೆ ಎರಡು ಇನಿಷಿಯಲ್ ಮಾತ್ರ. ಹಿರಿಯರನ್ನು ಕೇಳಿದರೆ ‘ನಮ್ಮದು ಮೇಕಲ’ ಅಂತಾರೆ. ಕೂಸು ಹುಟ್ಟಿ ಎರಡು ವಾರ ಆಯ್ತು. ಹುಲಿಗೆಮ್ಮನ ಹರಕೆಯ ಹೆಸರು ಇಡಬೇಕು ಅಂತ ಮನೆಯಲ್ಲಿ ಮಾತು. ಜನನ ಪ್ರಮಾಣಪತ್ರದಲ್ಲಿ ಏನು ಬರೆಸಿದರೆ ಮುಂದೆ ತೊಂದರೆ ಆಗಲ್ಲ? ತಿಳಿದವರು ದಯವಿಟ್ಟು ಬಿಡಿಸಿ ಹೇಳಿ.

ಎಡೆದೊರೆ:

ತೋಟದ ಮಾಲಿಗೂ ಇದಕ್ಕೂ ಸಂಬಂಧ ಇಲ್ಲ. ಇದು ಅರಬ್ಬಿಯಿಂದ ಉರ್ದುವಿಗೆ ಬಂದ ‘ಮಾಲ್’, ಅಂದರೆ ಆಸ್ತಿ, ಕಂದಾಯ. ಭೂಕಂದಾಯಕ್ಕೆ ‘ಮಾಲಗುಜಾರಿ’ ಅಂತಿದ್ದರಲ್ಲ, ಅದೇ ಮಾಲ್. ಹೈದರಾಬಾದ್ ಸಂಸ್ಥಾನದ ಹಳ್ಳಿಗಳಲ್ಲಿ ಪಾಟೀಲಿಕೆ ಎರಡು ಭಾಗ ಆಗಿತ್ತು. ಕಂದಾಯ ವಸೂಲಿ ನೋಡಿಕೊಳ್ಳುವವನು ಮಾಲಿ ಪಾಟೀಲ. ಊರ ಕಾವಲು, ತಂಟೆ ತಕರಾರು, ಕಳವು ಕೊಲೆಯ ವರದಿ ನೋಡಿಕೊಳ್ಳುವವನು ಪೊಲೀಸ್ ಪಾಟೀಲ. ಲೆಕ್ಕ ಬರೆಯೋದಕ್ಕೆ ಪಟವಾರಿ. ಮೂರೂ ವಂಶದಿಂದ ವಂಶಕ್ಕೆ ಇಳಿಯುವ ವತನ. ಅಣ್ಣನ ಕವಲು ಒಂದು ಹುದ್ದೆ, ತಮ್ಮನ ಕವಲು ಇನ್ನೊಂದು ಹುದ್ದೆ ಹಿಡಿದಿದ್ದರೆ ಎರಡು ತಲೆಮಾರಿನಲ್ಲಿ ಒಂದೇ ರಕ್ತಕ್ಕೆ ಎರಡು ಅಡ್ಡಹೆಸರು ಬೀಳುತ್ತೆ. ನಿಮ್ಮ ಕಾಗದಗಳು ಹೇಳ್ತಿರೋದೂ ಇದನ್ನೇ.

ಮೈಸೂರು ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ 1961ರಲ್ಲಿ ಬಂತು, 1963ರಲ್ಲಿ ಜಾರಿಯಾಯ್ತು. ಹುದ್ದೆ ಹೋಯ್ತು, ಹೆಸರು ಉಳೀತು. ಅದಾದ ಮೇಲೆ ಶಾಲೆಗೆ ಸೇರಿದ ಮಕ್ಕಳಿಗೆ ಮಾಸ್ತರರು ಬರೀ ‘ಪಾಟೀಲ’ ಅಂತ ಬರೆದದ್ದೂ ಉಂಟು, ‘ಮಾಲಿಪಾಟೀಲ’ ಅಂತ ಕೂಡಿಸಿ ಬರೆದದ್ದೂ ಉಂಟು. ನಿಮ್ಮ ಮೂರನೆಯ ರೂಪ ಹುಟ್ಟಿದ್ದು ಅಲ್ಲಿ.

ಇನ್ನೊಂದು ಗಮನಿಸಿ. ನಮ್ಮ ಕಡೆ ಹೆಸರಿನ ಕೊನೆಗೆ ‘ಗೌಡ’, ಅಡ್ಡಹೆಸರು ‘ಪಾಟೀಲ’ ಇರುವವರು ಬಹಳ. ಹುದ್ದೆ ಒಂದೇ, ಹೇಳಿದ್ದು ಎರಡು ಸಲ. ಹಳಗನ್ನಡ ಶಾಸನಗಳ ಗಾಮುಂಡ, ಗಾವುಂಡ ಸವೆದು ಗೌಡ ಆಯ್ತು. ಶಾಸನಗಳಲ್ಲೇ ಬರುವ ‘ಪಟ್ಟಕಿಲ’ ಪಾಟೀಲ ಆಯ್ತು. ಮೊದಲನೆಯದು ಊರವರ ಬಾಯಿಂದ ಬಂದದ್ದು, ಎರಡನೆಯದು ದಫ್ತರದಿಂದ ಬಂದದ್ದು. ಶಾನುಭೋಗನೂ ಹಾಗೆಯೇ ‘ಸೇನಬೋವ’ದಿಂದ ಸವೆದು ಬಂದವನು. ಕುಲಕರ್ಣಿಯಲ್ಲಿರೋದು ವಂಶದ ಕುಲ ಅಲ್ಲ, ಕಂದಾಯ ಕಟ್ಟುವ ‘ಕುಳ’. ಕುಳಗಳ ಲೆಕ್ಕ ಬರೆಯುವ ಕರಣಿಕ. ಊರಲ್ಲಿ ಈಗಲೂ ‘ಕುಳಕರ್ಣಿ’ ಅನ್ನೋ ಹಿರಿಯರು ತಪ್ಪು ಹೇಳ್ತಿಲ್ಲ, ಸರಿಯಾಗೇ ಹೇಳ್ತಿದ್ದಾರೆ.

ಹುದ್ದೆ, ಬಿರುದು ಹೆಸರನ್ನು ನುಂಗೋದು ಇಲ್ಲಿ ಹೊಸದೇನಲ್ಲ. ‘ದೇವಾನಾಂಪ್ರಿಯ’ ಅಂತ ಬಿರುದು ಬರೆದ ಬಂಡೆಗಳು ದೇಶದ ತುಂಬ ಇದ್ದವು, ಆದರೆ ಆ ರಾಜನ ಸ್ವಂತ ಹೆಸರು ಅಶೋಕ ಅಂತ ಬಿಡಿಸಿ ಹೇಳಿದ್ದು 1915ರಲ್ಲಿ ಸಿಕ್ಕ ನಮ್ಮ ಮಸ್ಕಿಯ ಶಾಸನ. ಆಮೇಲೆ ಬಳ್ಳಾರಿ ಜಿಲ್ಲೆಯ ನಿಟ್ಟೂರು, ಉಡೇಗೋಳದಲ್ಲೂ ಆ ಹೆಸರು ಸಿಕ್ಕಿತು.

ಹಗರಿ ದಂಡೆ:

ಸಿರುಗುಪ್ಪ ಕಡೆಯ ಪ್ರಶ್ನೆಗೆ ಉತ್ತರ ಹೇಳ್ತೀನಿ. ರಾಯಚೂರು, ಕೊಪ್ಪಳ 1948ರವರೆಗೆ ನಿಜಾಮರ ಕೈಯಲ್ಲಿದ್ದವು. ಬಳ್ಳಾರಿಯನ್ನು ನಿಜಾಮರು 1800ರಲ್ಲೇ ಇಂಗ್ಲಿಷರಿಗೆ ಬಿಟ್ಟುಕೊಟ್ಟಿದ್ದರು; ಅಲ್ಲಿಂದ 1953ರ ಅಕ್ಟೋಬರ್ 1ರವರೆಗೆ ಅದು ಮದ್ರಾಸಿನ ಆಡಳಿತದಲ್ಲಿತ್ತು. ಮದ್ರಾಸಿನ ಪದ್ಧತಿ ಅಂದರೆ ಇನಿಷಿಯಲ್. ಮೊದಲ ಅಕ್ಷರ ಊರಿನದೋ ಮನೆಹೆಸರಿನದೋ, ಎರಡನೆಯದು ತಂದೆಯದು, ಆಮೇಲೆ ಸ್ವಂತ ಹೆಸರು. ತುಂಗಭದ್ರೆಯ ಆ ದಂಡೆಯಲ್ಲಿ ಅಡ್ಡಹೆಸರು ಹಿಂದೆ ಬಂದರೆ ಈ ದಂಡೆಯಲ್ಲಿ ಮುಂದೆ ಬರೋದಕ್ಕೆ ಇದೇ ಕಾರಣ.

‘ಮೇಕಲ’ ತೆಲುಗಿನ ಇಂಟಿಪೇರು, ಅಂದರೆ ಮನೆಹೆಸರು. ಮೇಕ ಅಂದರೆ ಮೇಕೆ, ಆಡು. ‘ಮೇಕಲು’ ಬಹುವಚನ. ಅದು ‘ಮೇಕಲ’ ಆದಾಗ ‘ಆಡುಗಳ’ ಅಂತ ಅರ್ಥ ಬರುತ್ತೆ, ಅಂದರೆ ಆಡು ಸಾಕಿದ ಮನೆಯವರು. ಕೊನೆಯ ‘ಲ’ವನ್ನು ಹಿಡಿದರೆ ಇಂಥ ಹೆಸರು ಬಹಳ ಬಿಡಿಸಬಹುದು: ಬೊಮ್ಮಲ ಗೊಂಬೆಗಳದು, ಚಿಂತಲ ಹುಣಸೆಯದು. ಪಲ್ಲಿ, ಪಾಡು, ಕೊಂಡ, ಪೂಡಿ ಅಂತ ಮುಗಿದರೆ ಅದು ಊರಿನ ಹೆಸರು. ಸಿಂಧನೂರು, ಗಂಗಾವತಿ ಭಾಗದ ಕ್ಯಾಂಪುಗಳಲ್ಲಿ ನೀರಾವರಿ ಬಂದ ಮೇಲೆ ಆಂಧ್ರದಿಂದ ಬಂದು ನೆಲೆಸಿದವರ ಹೆಸರು ಸಾಮಾನ್ಯವಾಗಿ ಈ ಎರಡನೆಯ ಬಗೆಯವು.

ಇಲ್ಲಿ ಎಡವೋದು ಎಲ್ಲಿ ಅಂದರೆ, ತೆಲುಗು ಹೆಸರನ್ನು ಕನ್ನಡದ ಕಿವಿಯಿಂದ ಕೇಳೋದು. ‘ಗಾಲಿ’ ಅನ್ನೋ ಇಂಟಿಪೇರು ಕೇಳಿದರೆ ನಮಗೆ ಬಂಡಿಯ ಗಾಲಿ ನೆನಪಾಗುತ್ತೆ. ತೆಲುಗಿನಲ್ಲಿ ಗಾಲಿ ಅಂದರೆ ನಮ್ಮ ಗಾಳಿ. ಹಾಗೇ ಬಳ್ಳಾರಿಯಲ್ಲಿ ಮನೆಗೊಬ್ಬ ಎರ್ರಿಸ್ವಾಮಿ ಇರುತ್ತಾನೆ. ಕೆಂಪು ಅನ್ನೋ ಅರ್ಥದ ‘ಎರ್ರ’ ಬೇರೆ. ಇದು ‘ವೆರ್ರಿ’, ಆಡುಮಾತಿನಲ್ಲಿ ಎರ್ರಿ. ಲೋಕದ ಕಣ್ಣಿಗೆ ಹುಚ್ಚನಂತೆ ಕಾಣುವ ಅವಧೂತ. ಚೇಳ್ಳಗುರ್ಕಿಯ ಎರ್ರಿತಾತನ ಭಕ್ತಿಯಿಂದ ಬಂದ ಹೆಸರು.

ಊರಿನ ಹೆಸರು ಎಷ್ಟು ಸಲ ಬದಲಾಗಬಹುದು ಅನ್ನೋದಕ್ಕೆ ನಾಟಕದ ಬಳ್ಳಾರಿ ರಾಘವರನ್ನು ನೋಡಿ. ಅವರ ಮನೆಹೆಸರು ತಾಡಪತ್ರಿ, ಅನಂತಪುರ ಕಡೆಯ ಊರು. ಜನ ಕರೆದದ್ದು ಬಳ್ಳಾರಿ ಅಂತ. ಹೊರಟುಬಂದ ಊರು ಮನೆಹೆಸರಾಗುತ್ತೆ, ನೆಲೆ ನಿಂತ ಊರು ಖ್ಯಾತಿಯ ಹೆಸರಾಗುತ್ತೆ. ಅಡ್ಡಹೆಸರು ‘ಮುದಗಲ್’ ಇದ್ದವರು ಮುದಗಲ್ಲಿನಲ್ಲಿ ಸಿಗೋದು ಕಡಿಮೆ. ಮುದಗಲ್ಲಿನಿಂದ ಬೇರೆ ಊರಿಗೆ ಹೋದವರನ್ನೇ ಆ ಊರವರು ಹಾಗೆ ಕರೆದಿರುತ್ತಾರೆ.

ಮನಿಹೆಸರು:

ಹಗರಿ ದಂಡೆಯವರು ಹೇಳಿದ ‘ಲ’ದ ಲೆಕ್ಕವೇ ಕನ್ನಡಕ್ಕೂ ಹೊಂದುತ್ತೆ. ನಮ್ಮ ಅಡ್ಡಹೆಸರುಗಳನ್ನು ತಲೆಯಿಂದ ಓದಬಾರದು, ಬಾಲದಿಂದ ಓದಬೇಕು. ‘ಬೆಲ್ಲದ’ ಅಂತ ಕೇಳಿ ಹೊರಗಿನವರು ಇದೇನು ಅರ್ಧ ಮಾತು ಅಂತಾರೆ. ಹೌದು, ಅರ್ಧ ಮಾತೇ. ಬೆಲ್ಲದ ಮನಿಯವರು ಅನ್ನೋದರಲ್ಲಿ ‘ಮನಿಯವರು’ ಉದುರಿ ‘ಬೆಲ್ಲದ’ ಉಳಿದಿದೆ. ಬೇವಿನಗಿಡದ, ಹುಣಸಿಮರದ, ಅಗಸೀಮುಂದಿನ, ಹಡಪದ ಎಲ್ಲ ಹೀಗೇ. ಊರು, ಮರ, ಸರಕು, ದಿಕ್ಕು, ಯಾವುದಾದರೂ ಸರಿ, ಷಷ್ಠಿ ವಿಭಕ್ತಿಯ ಪ್ರತ್ಯಯ ಬಾಲದಲ್ಲಿ ಉಳಿದಿರುತ್ತೆ. ಉಳ್ಳಾಗಡ್ಡಿ, ಮೆಣಸಿನಕಾಯಿ, ಅಕ್ಕಿ ಇವುಗಳಲ್ಲಿ ಆ ಬಾಲವೂ ಉದುರಿಹೋಗಿದೆ. ಅವರೇನು ಉಳ್ಳಾಗಡ್ಡಿ ತಿಂದವರಲ್ಲ, ಬೆಳೆದವರು ಇಲ್ಲವೇ ಸಂತೆಯಲ್ಲಿ ಮಾರಿದವರು.

‘ಮನಿ’ ಬಾಲದವು ಮನೆ ಎಲ್ಲಿತ್ತು, ಹೇಗಿತ್ತು ಅಂತ ಹೇಳುತ್ತವೆ. ಮೂಲಿಮನಿ ಮೂಲೆಯದು, ಮ್ಯಾಗಳಮನಿ ಮೇಲಿನ ಓಣಿಯದು, ಕಟ್ಟಿಮನಿ ಮುಂದೆ ಕಟ್ಟೆ ಇದ್ದದ್ದು. ‘ಮಠ’ ಬಾಲದವು ಜಂಗಮ ಮನೆತನಗಳು: ಹಿರೇಮಠ, ಸಾಲಿಮಠ, ಹಳೇಮಠ. ಸಾಲಿಮಠದಲ್ಲಿ ಸಾಲಿ ಅಂದರೆ ಶಾಲೆ. ಅದನ್ನು ತಿದ್ದಿ ‘ಶಾಲಿಮಠ’ ಅಂತ ಮಾಡಿಕೊಂಡರೆ ಅಣ್ಣತಮ್ಮರ ಕಾಗದಕ್ಕೆ ಹೊಂದಾಣಿಕೆ ತಪ್ಪುತ್ತೆ, ಹಾಗೆ ಮಾಡಬೇಡಿ. ಪುರಾಣ ಹೇಳುವ ಮನೆತನ ಪುರಾಣಿಕ; ಕೊಪ್ಪಳ ಜಿಲ್ಲೆ ದ್ಯಾಂಪುರದ ಕವಿ ಸಿದ್ದಯ್ಯ ಪುರಾಣಿಕರ ಅಡ್ಡಹೆಸರು ಅದು. ಹೆಸರಿನ ಕೊನೆಯ ‘ಅಯ್ಯ’ವೂ ಜಂಗಮ ಮನೆತನದ ಕಡೆಗೆ ಬೊಟ್ಟು ಮಾಡುತ್ತೆ.

ಬಡಿಗೇರ, ಗಾಣಿಗೇರದಲ್ಲಿ ‘ಕೇರಿ’ ಇದೆ ಅಂತ ಬಹಳ ಜನ ಬರೀತಾರೆ. ಇಲ್ಲ. ನಮ್ಮ ಮಾತಿನಲ್ಲಿ ಬಡಿಗೇರು, ಗಾಣಿಗೇರು ಅಂದರೆ ಬಡಿಗರು, ಗಾಣಿಗರು. ಆ ಬಹುವಚನಕ್ಕೆ ಷಷ್ಠಿ ಸೇರಿ ಬಡಿಗೇರ. ಕೇರಿ ಇದ್ದರೆ ‘ಕುಂಬಾರಗೇರಿ’ ಥರ ‘ಇ’ಕಾರ ಉಳಿದಿರುತ್ತೆ.

ನನಗೆ ಬಲು ಇಷ್ಟದ ಹೆಸರು ಮೇಟಿ. ಕಣದ ನಟ್ಟನಡುವೆ ನೆಡುವ ಕಂಬ ಅದು. ತೆನೆ ಹರಡಿ, ಎತ್ತುಗಳನ್ನು ಸಾಲಾಗಿ ಕೊರಳಿಗೆ ಕೊರಳು ಕಟ್ಟಿ, ಒಳಗಿನ ಹಗ್ಗವನ್ನು ಮೇಟಿಗೆ ಬಿಗಿದು ಹಂತಿ ಹೊಡೀತಾರೆ. ಮೇಟಿಯ ಪಕ್ಕದ ಎತ್ತು ನಿಂತಲ್ಲೇ ತಿರುಗಿದಂತೆ ತಿರುಗುತ್ತೆ, ಹೊರಸಾಲಿನದು ದೊಡ್ಡ ಸುತ್ತು ಹಾಕುತ್ತೆ, ಕಂಬ ಮಾತ್ರ ಅಲುಗಬಾರದು. ಊರಿನ ಮುಖ್ಯಸ್ಥನಿಗೂ ಮೇಟಿ ಅಂದದ್ದು, ಒಕ್ಕಲುತನಕ್ಕೆ ಮೇಟಿ ವಿದ್ಯೆ ಅಂದದ್ದು ಆ ಕಂಬದಿಂದ. ಹಂತಿ ಹೋಗಿ ರಾಶಿ ಯಂತ್ರ ಬಂದ ಮೇಲೆ ಕಂಬವನ್ನೇ ಕಾಣದ ಮಕ್ಕಳು ಆ ಅಡ್ಡಹೆಸರು ಹೊತ್ತಿದ್ದಾರೆ. ಅವರಿಗೆ ಇದನ್ನು ಯಾರಾದರೂ ಹೇಳಲೇಬೇಕು.

ಅಡ್ಡಹೆಸರು ನೋಡಿ ಜಾತಿ ತೀರ್ಮಾನ ಮಾಡಬೇಡಿ. ಪಾಟೀಲ, ನಾಯಕ, ದೇಸಾಯಿ, ಪೂಜಾರ ಬೇರೆ ಬೇರೆ ಸಮುದಾಯಗಳಲ್ಲಿವೆ. ಹುದ್ದೆ ಯಾರ ಕೈಯಲ್ಲಿತ್ತೋ ಹೆಸರು ಅವರದಾಯ್ತು.

ಕುಷ್ಟಗಿ ಓದುಗ:

ಎಲ್ಲರಿಗೂ ಬಹಳ ಉಪಕಾರ ಆಯ್ತು. ಒಂದು ಅನುಮಾನ. ಆ ಉರ್ದು ತರ್ಜುಮೆಯಲ್ಲಿ ಹೆಸರುಗಳ ನಡುವೆ ‘ವಲದ’ ಅಂತ ಬಂದಿದೆ. ‘ಬೆಲ್ಲದ’ ಥರ ಇದೂ ಮನೆಹೆಸರೇ? ಮತ್ತೆ ಕಾಗದದ ಮೇಲೆ 1340 ಅಂತ ಇಸವಿ ಇದೆ, ಅಷ್ಟು ಹಳೆಯದಂತೂ ಅಲ್ಲ.

ದಫ್ತರ:

‘ವಲದ’ ಮನೆಹೆಸರಲ್ಲ. ಉರ್ದುವಿನ ‘ವಲ್ದ್’ ಅಂದರೆ ಇಂಥವರ ಮಗ. ‘ಬಸಪ್ಪ ವಲದ ಮಲ್ಲಪ್ಪ’ ಅಂದರೆ ಈಗಿನ ಪಹಣಿಯ ‘ಬಸಪ್ಪ ತಂದೆ ಮಲ್ಲಪ್ಪ’. ಹೆಂಗಸರ ಹೆಸರಾದ ಮೇಲೆ ‘ಜೌಜೆ’ ಬಂದರೆ ಇಂಥವರ ಹೆಂಡತಿ, ಈಗಿನ ‘ಗಂಡ’ ಕಲಮಿನ ಜಾಗ. ‘ಬಿಂತೆ’ ಅಂದರೆ ಮಗಳು. ‘ಉರ್ಫ್’ ಅಂದರೆ ಇನ್ನೊಂದು ಕರೆಯುವ ಹೆಸರು. ಇವನ್ನೆಲ್ಲ ಹೆಸರಿನ ಭಾಗ ಅಂದುಕೊಂಡು ವಂಶವೃಕ್ಷದಲ್ಲಿ ತುಂಬಿದರೆ ಇಲ್ಲದ ಪೂರ್ವಿಕ ಒಬ್ಬ ಹುಟ್ಟಿಕೊಳ್ಳುತ್ತಾನೆ.

1340 ಫಸಲಿ ವರ್ಷ, ಅಂದರೆ ಕಂದಾಯದ ಲೆಕ್ಕಕ್ಕೆ ಬಳಸುತ್ತಿದ್ದ ವರ್ಷ. 590 ಕೂಡಿಸಿ, 1930 ಬರುತ್ತೆ. ಫಸಲಿ ವರ್ಷ ಜನವರಿಗೆ ಶುರುವಾಗೋದಿಲ್ಲ, ಆದ್ದರಿಂದ 1930–31 ಅಂತ ಹಿಡಿಯಿರಿ.

ತರ್ಜುಮೆಯನ್ನು ಪೂರ್ತಿ ನಂಬಬೇಡಿ, ಮೂಲದ ನಕಲು ಎದುರಿಗೆ ಇಟ್ಟುಕೊಳ್ಳಿ. ಉರ್ದು ಲಿಪಿಯಲ್ಲಿ ನಮ್ಮ ‘ಳ’ ಇಲ್ಲ, ‘ಲ’ವೇ ಗತಿ. ‘ಣ’ ಇಲ್ಲ, ‘ನ’ ಬರೀತಾರೆ. ಉ, ಊ, ಒ, ಓ, ವ ಎಲ್ಲಕ್ಕೂ ‘ವಾವ್’ ಅನ್ನೋ ಒಂದೇ ಅಕ್ಷರ. ಇ, ಈ, ಎ, ಏ, ಯ ಇವಕ್ಕೆ ‘ಯೇ’. ಬ, ಪ, ತ, ನ ಪದದ ನಡುವೆ ಬಂದಾಗ ಚುಕ್ಕಿಗಳಿಂದ ಮಾತ್ರ ಬೇರೆಯಾಗುತ್ತವೆ, ಅವಸರದ ಶಿಕಸ್ತಾ ಬರಹದಲ್ಲಿ ಚುಕ್ಕಿ ಬಿಟ್ಟುಹೋಗಿರುತ್ತೆ. ಹೀಗಾಗಿ ತಳವಾರ ಹೋಗಿ ಕತ್ತಿಯ ‘ತಲವಾರ್’ ಆಗುತ್ತೆ, ಬಳಿಗಾರ ‘ಬಲಿಗಾರ’ ಆಗುತ್ತೆ, ಹೂಗಾರ ‘ಹೋಗಾರ’ ಆಗುತ್ತೆ. ಕೊಪ್ಪಳವನ್ನೇ ಆ ಕಾಲದಲ್ಲಿ ‘ಕೋಪಬಲ್’ ಅಂತ ಬರೆದಿದ್ದಾರೆ. ಓದುವಾಗ ‘ಲ’ ಬಂದಲ್ಲೆಲ್ಲ ‘ಳ’ ಇಟ್ಟು ನೋಡಿ, ‘ನ’ ಬಂದಲ್ಲಿ ‘ಣ’ ಇಟ್ಟು ನೋಡಿ, ವಾವ್ ಬಂದಲ್ಲಿ ಸ್ವರ ಬದಲಿಸಿ ನೋಡಿ. ಕಿವಿಗೆ ಪರಿಚಯದ ಹೆಸರು ಕೇಳಿಸಿದಾಗ ಅದನ್ನು ಅದೇ ಊರಿನ ಇನ್ನೊಂದು ಕಾಗದಕ್ಕೆ ತಾಳೆ ಹಾಕಿ.

ದಾಖಲೆ ಹುಡುಕೋದು ಹೆಸರಿನಿಂದ ಅಲ್ಲ, ಸರ್ವೆ ನಂಬರಿನಿಂದ. ಹೆಸರು ಬದಲಾಗುತ್ತೆ, ಹೊಲ ಎದ್ದು ಹೋಗಲ್ಲ. ಈಗಿನ ಪಹಣಿಯಿಂದ ಸರ್ವೆ ನಂಬರ್ ತೆಗೆದುಕೊಳ್ಳಿ, ಹಿಸ್ಸೆ ಆಗಿದ್ದರೆ ಮೂಲ ನಂಬರ್ ಹಿಡಿಯಿರಿ. ಅಲ್ಲಿಂದ ಮ್ಯುಟೇಷನ್ ವಹಿಯಲ್ಲಿ ಹಿಂದೆ ಹಿಂದೆ ಹೋಗಿ; ಪೌತಿ ಖಾತೆ, ಅಂದರೆ ಸತ್ತವರ ಖಾತೆ ವಾರಸುದಾರರ ಹೆಸರಿಗೆ, ಆದ ಕಡೆಯೆಲ್ಲ ತಂದೆ ಮಕ್ಕಳ ಕೊಂಡಿ ಸಿಗುತ್ತೆ. ಹೈದರಾಬಾದ್ ಸೀಮೆಯ ಹಳ್ಳಿಗಳಿಗೆ ಮೈಲಿಗಲ್ಲು 1954–55ರ ಖಾಸ್ರಾ ಪಹಣಿ. ಅದರಲ್ಲಿ ಪಟ್ಟೇದಾರ ಯಾರು, ಕಬ್ಜೆಯಲ್ಲಿ ಯಾರು ಅಂತ ಬೇರೆ ಬೇರೆ ಇರುತ್ತೆ, ಎರಡೂ ಓದಿ. ಅದಕ್ಕೂ ಹಿಂದೆ ಸೇತ್ವಾರ್, ಅಂದರೆ ಹಳೆಯ ಸರ್ವೆಯ ಕಂದಾಯ ವಹಿ. ತಾಲೂಕು ಕಚೇರಿಯ ದಾಖಲೆ ಕೊಠಡಿಗೆ ಊರು, ಸರ್ವೆ ನಂಬರ್, ವರ್ಷ ಮೂರನ್ನೂ ಬರೆದು ಅರ್ಜಿ ಕೊಡಿ. ‘ನಮ್ಮ ಅಜ್ಜನ ದಾಖಲೆ ಕೊಡಿ’ ಅಂತ ಬರೆದ ಅರ್ಜಿ ಮುಂದೆ ಹೋಗಲ್ಲ, ಅಲ್ಲಿ ಕಡತ ಕಟ್ಟಿರೋದೇ ಊರು ಮತ್ತು ವರ್ಷದ ಪ್ರಕಾರ. ಕುಷ್ಟಗಿ 1997ರವರೆಗೆ ರಾಯಚೂರು ಜಿಲ್ಲೆ, ಅದಕ್ಕಿಂತ ಹಿಂದಿನ ಜಿಲ್ಲಾ ಮಟ್ಟದ ಕಡತಕ್ಕೆ ರಾಯಚೂರಿನಲ್ಲೂ ವಿಚಾರಿಸಿ. ಸಿರುಗುಪ್ಪ ಕಡೆ ಹುಡುಕುವುದಾದರೆ ಕೇಳಬೇಕಾದ ಹೆಸರು ಅಡಂಗಲ್, ಅದು ಮದ್ರಾಸ್ ಕಡೆಯ ಪಹಣಿ. ಆ ಮನೆತನದ ಬೇರು ಆದೋನಿ, ಆಲೂರು, ರಾಯದುರ್ಗದ ಕಡೆ ಇದ್ದರೆ 1953ರಲ್ಲಿ ಆ ಮೂರು ತಾಲೂಕು ಆಂಧ್ರಕ್ಕೆ ಹೋದವು, ಕಾಗದವೂ ಆ ಕಡೆಯೇ.

ತೊಟ್ಟಿಲು:

ಕೂಸಿಗೆ ಮೊದಲು ಶುಭವಾಗಲಿ. ಹುಲಿಗೆಮ್ಮ ಅನ್ನೋದು ಹುಲಿಗಿಯ ಅಮ್ಮ. ಕೊಪ್ಪಳ ತಾಲೂಕಿನ ಹುಲಿಗಿ, ಮುನಿರಾಬಾದಿನ ಪಕ್ಕ, ತುಂಗಭದ್ರೆಯ ದಂಡೆಯ ಊರು. ಹೆಣ್ಣಾದರೆ ಹುಲಿಗೆಮ್ಮ, ಗಂಡಾದರೆ ಹುಲುಗಪ್ಪ, ಈಚೆಗೆ ಹುಲಿಗೇಶ. ಕೊಪ್ಪಳ, ರಾಯಚೂರು, ಬಳ್ಳಾರಿ ಸೀಮೆಯಲ್ಲಿ ಹೆಸರು ಕೇಳಿದರೆ ಮನೆಯವರು ಯಾವ ಗುಡಿಗೆ ನಡೆದುಕೊಳ್ಳುತ್ತಾರೆ ಅಂತ ಊಹೆ ಮಾಡಬಹುದು. ಗವಿಸಿದ್ಧಪ್ಪ ಕೊಪ್ಪಳದ ಗವಿಮಠ, ಅಮರೇಶ ಗುರುಗುಂಟಾ, ಕನಕಪ್ಪ ಕನಕಗಿರಿ, ಅಂಬಮ್ಮ ಸಿಂಧನೂರಿನ ಅಂಬಾಮಠ, ಪಂಪಾಪತಿ ಹಂಪಿ, ಕೊಟ್ರೇಶ ಕೊಟ್ಟೂರು. ಹುಸೇನಪ್ಪ, ಹುಸೇನಮ್ಮ, ಮೌಲಪ್ಪ ಅಂತ ಹೆಸರಿದ್ದವರು ಮುಸ್ಲಿಮರಲ್ಲ, ಮೊಹರಂ ಆಲಾಯಿಗೆ ಹರಕೆ ಹೊತ್ತು ಪಡೆದ ಮಕ್ಕಳು. ಮುದಗಲ್ಲಿನ ಮೊಹರಂ ನೋಡಿದವರಿಗೆ ಇದನ್ನು ಹೇಳಬೇಕಿಲ್ಲ. ಇಷ್ಟು ಚಂದದ ಹೆಸರನ್ನು ಅರ್ಜಿ ತುಂಬುವವರು ಅನುಮಾನದಿಂದ ನೋಡಿ ತಿದ್ದೋದು ನೋಡಿದರೆ ಹೊಟ್ಟೆ ಉರಿಯುತ್ತೆ. ತಿಪ್ಪಣ್ಣ, ತಿಪ್ಪಮ್ಮ ಅಂದರೆ ಮೊದಲಿನ ಕೂಸುಗಳು ಉಳಿಯದಿದ್ದಾಗ ಹೊಸ ಕೂಸನ್ನು ತಿಪ್ಪೆಯ ಮೇಲೆ ಹೊರಳಿಸಿ, ದೃಷ್ಟಿ ತಾಗದಿರಲಿ ಅಂತ ಇಟ್ಟ ಹೆಸರು. ತಿಪ್ಪೇಸ್ವಾಮಿ ಮಾತ್ರ ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯದು, ಎರಡನ್ನೂ ಒಂದು ಮಾಡಬೇಡಿ.

ಈಗ ಕಾಗದದ ವಿಷಯ. ಜನನ ನೋಂದಣಿ 21 ದಿನದೊಳಗೆ ಆಗಬೇಕು, ನಿಮಗೆ ಇನ್ನೊಂದು ವಾರ ಇದೆ. ಹೆಸರು ತೀರ್ಮಾನ ಆಗಿಲ್ಲ ಅಂತ ನೋಂದಣಿ ನಿಲ್ಲಿಸಬೇಡಿ. ಹೆಸರಿಲ್ಲದೆಯೂ ನೋಂದಾಯಿಸಬಹುದು, 12 ತಿಂಗಳೊಳಗೆ ಶುಲ್ಕ ಇಲ್ಲದೆ ಹೆಸರು ಸೇರಿಸಬಹುದು, ಆಮೇಲೆ 15 ವರ್ಷದವರೆಗೆ ವಿಳಂಬ ಶುಲ್ಕ ಕಟ್ಟಿ ಸೇರಿಸಬಹುದು. ಆದರೆ ಒಮ್ಮೆ ಸೇರಿಸಿದ್ದನ್ನು ಬದಲಾಯಿಸೋದು ಕಷ್ಟ. 2023ರ ಅಕ್ಟೋಬರ್ 1ರ ನಂತರ ಹುಟ್ಟಿದ ಮಕ್ಕಳಿಗೆ ಶಾಲೆ, ಆಧಾರ್, ಪಾಸ್‌ಪೋರ್ಟ್ ಎಲ್ಲಕ್ಕೂ ಜನನ ಪ್ರಮಾಣಪತ್ರವೇ ಆಧಾರ. ಮೊದಲಿನಂತೆ ಒಂದನೇ ಇಯತ್ತೆಗೆ ಸೇರಿಸುವಾಗ ಮಾಸ್ತರರು ಬರೆದದ್ದೇ ಹೆಸರು ಅನ್ನೋ ಕಾಲ ಹೋಯ್ತು.

ತೊಟ್ಟಿಲಿಗೆ ಒಂದು ಹೆಸರು, ಕಾಗದಕ್ಕೆ ಇನ್ನೊಂದು ಇಡೋದಾದರೆ ಹೊಲಮನೆಯ ಕಾಗದ, ಬ್ಯಾಂಕು, ಶಾಲೆ ಎಲ್ಲ ಕಡೆ ಕಾಗದದ ಹೆಸರೇ ನಡೆಯಲಿ. ಅಜ್ಜಿ ಪ್ರೀತಿಯಿಂದ ದಾನಪತ್ರದಲ್ಲಿ ಹರಕೆ ಹೆಸರು ಬರೆಸಿದರೆ, ‘ಇವರಿಬ್ಬರೂ ಒಬ್ಬರೇ’ ಅಂತ ಆಮೇಲೆ ಅಫಿಡವಿಟ್ ಮಾಡಿಸುತ್ತ ಅಲೆಯಬೇಕಾಗುತ್ತೆ. ಹರಕೆ ಹೆಸರನ್ನೇ ಕಾಗದಕ್ಕೂ ಹಾಕಿಬಿಡಿ ಅನ್ನೋದು ನನ್ನ ಮಾತು.

ಅಡ್ಡಹೆಸರಿಗೆ ತಂದೆಯ ಎಸ್ಸೆಸ್ಸೆಲ್ಸಿ, ಆಧಾರ್‌ನಲ್ಲಿ ಇರುವ ರೂಪವನ್ನೇ ಹಿಡಿಯಿರಿ, ಅಂದರೆ ‘ಪಾಟೀಲ’. ಮೂಲ ಮಾಲಿ ಪಾಟೀಲ ಅಂತ ತಿಳಿದ ಖುಷಿಗೆ ಮಗುವಿಗೆ ಮಾತ್ರ ಅದನ್ನು ಹಾಕಿದರೆ ತಂದೆ ಮಗುವಿನ ಅಡ್ಡಹೆಸರು ಬೇರೆಯಾಗುತ್ತೆ. ಹಾಕಲೇಬೇಕು ಅಂತಿದ್ದರೆ ಇಂಗ್ಲಿಷಿನಲ್ಲಿ ಎರಡನ್ನೂ ಕೂಡಿಸಿ ಒಂದೇ ಪದವಾಗಿ ಬರೆಸಿ. ಬಿಡಿಸಿ ಬರೆದರೆ ಆನ್‌ಲೈನ್ ಅರ್ಜಿಗಳು ಕೊನೆಯ ಪದವನ್ನಷ್ಟೇ ಅಡ್ಡಹೆಸರು ಅಂತ ತೆಗೆದುಕೊಂಡು ‘ಮಾಲಿ’ಯನ್ನು ನಡುವಿನ ಹೆಸರಿಗೆ ತಳ್ಳುತ್ತವೆ. ಪಾಟೀಲದ ದೀರ್ಘಕ್ಕೆ ಒಂದು ಐ ಹಾಕೋದೋ ಎರಡು ಇ ಹಾಕೋದೋ ಅನ್ನೋದನ್ನೂ ತಂದೆಯ ಆಧಾರ್ ನೋಡಿ ಅಕ್ಷರಕ್ಕೆ ಅಕ್ಷರ ಹೊಂದಿಸಿ. ಆಧಾರ್‌ನಲ್ಲಿ ಹೆಸರು ತಿದ್ದೋಕೆ ಜೀವಮಾನದಲ್ಲಿ ಎರಡೇ ಸಲ ಅವಕಾಶ, ಅದನ್ನು ಒಂದು ಅಕ್ಷರಕ್ಕೆ ಖರ್ಚು ಮಾಡಬಾರದು.

ತಾಯಿಯ ಹೆಸರಿನ ಇನಿಷಿಯಲ್‌ಗಳನ್ನೂ ನೋಡಿಕೊಳ್ಳಿ. ಅವರ ಆಧಾರ್‌ನಲ್ಲಿ ಇನಿಷಿಯಲ್ ಹೆಸರಿನ ಮುಂದೆ ಇದ್ದರೆ ಜನನ ಪ್ರಮಾಣಪತ್ರದಲ್ಲೂ ಮುಂದೆಯೇ ಇರಲಿ, ಚುಕ್ಕಿ ಇದ್ದರೆ ಚುಕ್ಕಿಯೊಂದಿಗೆ. ಪಾಸ್‌ಪೋರ್ಟ್ ಅರ್ಜಿಯಲ್ಲಿ ಇನಿಷಿಯಲ್ ನಡೆಯಲ್ಲ, ಬಿಡಿಸಿ ಬರೆಯಬೇಕು. ‘ಎಂ’ ಅಂದರೆ ಮೇಕಲ ಅಂತ ತೋರಿಸುವ ಒಂದು ಕಾಗದವನ್ನು, ಹಿರಿಯರು ಗಟ್ಟಿಯಾಗಿರುವಾಗಲೇ ಅವರನ್ನು ಕೇಳಿ, ಈಗಲೇ ಹುಡುಕಿ ಇಟ್ಟುಕೊಳ್ಳಿ.